ಪ್ರಾಚೀನರ ಶಿಲಾವಾಸ್ತುವಿದ್ಯೆ ಮತ್ತು ಬಸದಿಗಳ ಜೀರ್ಣೋದ್ಧಾರ

(ದೊಡ್ಡಬಳ್ಳಾಪುರ: ಪಂಚಕಲ್ಯಾಣ ಪ್ರತಿಷ್ಠಾ ಮಹೋತ್ಸವದ ಧಾರ್ಮಿಕ ಸಭೆಯಲ್ಲಿ ನೀಡಿದ ಉಪನ್ಯಾಸ)

 

ಈ ಮಹೋತ್ಸವದಲ್ಲಿ ಜಿನಬಿಂಬಕ್ಕೆ ಗರ್ಭ, ಜನ್ಮ, ದೀಕ್ಷಾ, ಕೇವಲಜ್ಞಾನ, ಮೋಕ್ಷ ಎಂಬ ಪಂಚಕಲ್ಯಾಣ ವಿಧಿಗಳು ಶಾಸ್ತ್ರೋಕ್ತವಾಗಿ ನೆರವೇರುತ್ತವೆ. ಬಿಂಬದ ಮಹಿಮೆಯನ್ನು ಪ್ರತಿಷ್ಠಾಚಾರ್ಯರು ಸವಿಸ್ತಾರವಾಗಿ ತಿಳಿಸಿಕೊಡುವರು. ಆದರೆ ಆ ಬಿಂಬಕ್ಕೆ ಆಶ್ರಯವಾಗುವ ಕಟ್ಟಡದ ವಿಷಯವಾಗಿ ಧಾರ್ಮಿಕ ಸಭೆಗಳಲ್ಲಿ ಮಾತು ಕಡಮೆ. ಕಟ್ಟಿಸಿದವರ ಹೆಸರು ಶಾಸನದಲ್ಲಿ ಉಳಿಯುತ್ತದೆ. ಕಟ್ಟಿದ ಬಗೆ ಮಾತ್ರ ಯಾರ ನೆನಪಿನಲ್ಲಿಯೂ ಉಳಿಯುವುದಿಲ್ಲ. ಸಿಮೆಂಟು, ಕಬ್ಬಿಣದ ಸರಳು, ಕ್ರೇನು ಯಾವುದೂ ಇಲ್ಲದ ಕಾಲದಲ್ಲಿ ಹಿರಿಯರು ಎತ್ತಿ ನಿಲ್ಲಿಸಿದ ಕಂಬಗಳು ಸಾವಿರ ವರ್ಷ ನಿಂತಿರುವುದು ಹೇಗೆ ಎಂಬ ಪ್ರಶ್ನೆ ಕೇವಲ ಕುತೂಹಲದ್ದಲ್ಲ. ನಾಡಿನಾದ್ಯಂತ ಹಳೆಯ ಬಸದಿಗಳ ಜೀರ್ಣೋದ್ಧಾರ ನಡೆಯುತ್ತಿರುವಾಗ, ಈ ಪ್ರಶ್ನೆಗೆ ಉತ್ತರ ತಿಳಿಯದೆ ಕೈಹಾಕಿದರೆ ಪುಣ್ಯಕಾರ್ಯವೇ ಹಾನಿಗೆ ಕಾರಣವಾಗುವ ಅಪಾಯವುಂಟು.

ಈ ಸೀಮೆಯ ಸಾಕ್ಷ್ಯ

ದೂರದ ಉದಾಹರಣೆಗಳಿಗೆ ಹೋಗುವ ಮುನ್ನ ದೊಡ್ಡಬಳ್ಳಾಪುರದ ಸುತ್ತಮುತ್ತಲನ್ನೇ ನೋಡಬಹುದು. ಇಲ್ಲಿಂದ ಕಣ್ಣಿಗೆ ಕಾಣುವಷ್ಟು ಸಮೀಪದಲ್ಲಿರುವ ನಂದಿಯ ಬೆಟ್ಟಗಳ ಸಾಲಿನಲ್ಲಿ ಗೋಪಿನಾಥ ಬೆಟ್ಟವಿದೆ. ಅಲ್ಲಿಯ ಗಂಗರ ಕಾಲದ ಶಾಸನವೊಂದು ಅರ್ಹಂತ ಪರಮೇಶ್ವರನ ಚೈತ್ಯಾಲಯವನ್ನು ಹೆಸರಿಸುತ್ತದೆ. ಅದನ್ನು ಮೊದಲು ದಶರಥಪುತ್ರನಾದ ರಾಮನು ಕಟ್ಟಿಸಿದನೆಂದೂ ಅನಂತರ ಪಾಂಡವರ ತಾಯಿಯಾದ ಕುಂತಿಯು ಪುನಃ ನಿರ್ಮಿಸಿದಳೆಂದೂ ಆ ಕಾಲದ ಜನರು ನಂಬಿದ್ದುದನ್ನು ಆ ಶಾಸನ ದಾಖಲಿಸಿದೆ. ಇದರಲ್ಲಿ ಗಮನಿಸತಕ್ಕ ಅಂಶವೆಂದರೆ, ಸ್ಥಾಪಿಸಿದವನ ಹೆಸರಿನ ಜೊತೆಯಲ್ಲಿಯೇ ಉದ್ಧಾರ ಮಾಡಿದವಳ ಹೆಸರನ್ನೂ ಸಮಾನ ಗೌರವದಿಂದ ಹೇಳಿರುವುದು. ಸುಮಾರು ಸಾವಿರದ ಇನ್ನೂರು ವರ್ಷಗಳ ಹಿಂದೆಯೇ ಈ ಸೀಮೆಯ ಶ್ರಾವಕರಿಗೆ ಜೀರ್ಣೋದ್ಧಾರವು ಸ್ಥಾಪನೆಗೆ ಸಮನಾದ ಕಾರ್ಯವಾಗಿತ್ತು.

ಇದೇ ಜಿಲ್ಲೆಯ ನೆಲಮಂಗಲ ತಾಲ್ಲೂಕಿನ ಮಣ್ಣೆ ಗ್ರಾಮವು ಗಂಗರ ಕಾಲದಲ್ಲಿ ಮಾನ್ಯಪುರವೆಂಬ ರಾಜಧಾನಿಯಾಗಿತ್ತು. ಗಂಗ ಮಾರಸಿಂಹನ ಸೇನಾಪತಿಯಾದ ಶ್ರೀವಿಜಯನು ಅಲ್ಲಿ ಜಿನಾಲಯವೊಂದನ್ನು ಕಟ್ಟಿಸಿದನು. ಅದಕ್ಕೆ ಕ್ರಿ.ಶ. 797ರಲ್ಲಿ ದತ್ತಿ ನೀಡಿದ ವಿಷಯವನ್ನು ಮಣ್ಣೆಯ ತಾಮ್ರಪಟಗಳು ತಿಳಿಸುತ್ತವೆ. ಆ ಊರಿನಲ್ಲಿ ಗಂಗರ ಕಾಲದ ಕಪಿಲೇಶ್ವರ ದೇವಾಲಯವನ್ನು ಇಂದಿಗೂ ಕಾಣಬಹುದು. ತಾಮ್ರದ ಮೇಲೆ ಬರೆದ ದಾನ ಅಳಿಯದೆ ಉಳಿಯಿತು. ಕಟ್ಟಡ ಉಳಿಯಬೇಕಾದರೆ ಮಾತ್ರ ಕಟ್ಟುವ ವಿದ್ಯೆಯೂ ಕಾಯುವ ಜನವೂ ಇರಬೇಕು.

ಮರದಿಂದ ಇಟ್ಟಿಗೆಗೆ, ಇಟ್ಟಿಗೆಯಿಂದ ಕಲ್ಲಿಗೆ

ಆದಿಕಾಲದ ಬಸದಿಗಳು ಬಹುಮಟ್ಟಿಗೆ ಮರದ್ದೋ ಇಟ್ಟಿಗೆಯದೋ ಆಗಿದ್ದವು. ಶಿವಮೊಗ್ಗದ ಬಳಿಯ ಮಂಡಲಿಯ ಬಸದಿ ಇದಕ್ಕೆ ಉತ್ತಮ ನಿದರ್ಶನ. ಗಂಗವಂಶದ ಮೂಲಪುರುಷರಾದ ದಡಿಗ ಮಾಧವರು ಸ್ಥಾಪಿಸಿದರೆಂದು ಹೇಳಲಾಗುವ ಆ ಬಸದಿ ಒಂದು ಕಾಲದಲ್ಲಿ ಮರದ್ದಾಗಿದ್ದು, 12ನೆಯ ಶತಮಾನದಲ್ಲಿ ಅದೇ ವಂಶದವರು ಅದನ್ನು ಕಲ್ಲಿನ ಬಸದಿಯನ್ನಾಗಿ ಮಾಡಿದರೆಂದು ಶಾಸನದಿಂದ ತಿಳಿದುಬರುತ್ತದೆ. ಬಡಗಿಯ ವಿದ್ಯೆ ಕಲ್ಲುಕುಟಿಗನಿಗೆ ಬಂದಿತು. ಆದುದರಿಂದಲೇ ಕಲ್ಲಿನ ಬಸದಿಗಳಲ್ಲಿ ಮರದ ತೊಲೆ, ಮರದ ಬೋದಿಗೆ, ಮರದ ಸೂರಿನ ಆಕಾರಗಳು ಇಂದಿಗೂ ಕಾಣುತ್ತವೆ.

ದಕ್ಷಿಣಾಪಥದಲ್ಲಿ ಕಲ್ಲಿನ ಕಟ್ಟಡ ಎಷ್ಟು ಬೇಗ ಪ್ರೌಢಾವಸ್ಥೆಗೆ ಬಂದಿತೆಂಬುದಕ್ಕೆ ಐಹೊಳೆಯ ಮೇಗುತಿ ಬಸದಿ ಸಾಕ್ಷಿ. ಚಾಲುಕ್ಯ ಇಮ್ಮಡಿ ಪುಲಕೇಶಿಯ ಕಾಲದಲ್ಲಿ ರವಿಕೀರ್ತಿಯು ಕಟ್ಟಿಸಿದ ಈ ಜಿನಾಲಯದ ಶಾಸನದ ಕಾಲ ಕ್ರಿ.ಶ. 634. ಅಲ್ಲಿಯ ಮರಳುಗಲ್ಲು ಮೃದು. ಬೇಕಾದ ಆಕಾರಕ್ಕೆ ಕಡೆಯಬಹುದು. ಗಂಗವಾಡಿಯ ಕಲ್ಲು ಹಾಗಲ್ಲ. ಬೆಂಗಳೂರಿನ ಲಾಲ್‌ಬಾಗಿನ ಬಂಡೆಯ ಜಾತಿಯ ಈ ಕಲ್ಲು ಸುಮಾರು 300 ಕೋಟಿ ವರ್ಷ ಹಳೆಯದೆಂದು ಭೂಶಾಸ್ತ್ರಜ್ಞರು ಹೇಳುತ್ತಾರೆ. ಉಳಿಯನ್ನು ಬೇಗನೆ ಮೊಂಡು ಮಾಡುವ ಈ ಗಟ್ಟಿಕಲ್ಲಿನಲ್ಲಿ ಸೂಕ್ಷ್ಮ ಕೆತ್ತನೆ ಕಷ್ಟ. ಆದುದರಿಂದ ಗಂಗರ ಶಿಲ್ಪಿಗಳು ಆಭರಣವನ್ನು ಕಡಮೆ ಮಾಡಿ ಆಕಾರದ ಗಾಂಭೀರ್ಯಕ್ಕೆ ಪ್ರಾಧಾನ್ಯ ಕೊಟ್ಟರು. ನಾಗಮಂಗಲ ತಾಲ್ಲೂಕಿನ ಕಂಬದಹಳ್ಳಿಯ ಪಂಚಕೂಟ ಬಸದಿಯನ್ನು ನೋಡಿದವರಿಗೆ ಈ ಮಾತಿನ ಅರ್ಥ ತಿಳಿಯುತ್ತದೆ. ಹೊಯ್ಸಳರ ಕಾಲಕ್ಕೆ ಬಳಪದ ಕಲ್ಲು ಬಳಕೆಗೆ ಬಂದಿತು. ಗಣಿಯಿಂದ ತೆಗೆದಾಗ ಮೃದುವಾಗಿದ್ದು ಗಾಳಿ ತಾಕಿದಂತೆ ಗಟ್ಟಿಯಾಗುವ ಆ ಕಲ್ಲಿನಿಂದ, ಹಳೇಬೀಡಿನಲ್ಲಿ 1133ರಲ್ಲಿ ಗಂಗರಾಜನ ಮಗ ಬೊಪ್ಪನು ಕಟ್ಟಿಸಿದ ಪಾರ್ಶ್ವನಾಥ ಬಸದಿಯ ಕಂಬಗಳು ಕನ್ನಡಿಯಂತೆ ನೋಡುವವರ ಮುಖವನ್ನು ತೋರಿಸುತ್ತವೆ. ಯಾವ ಕಲ್ಲು ಏನನ್ನು ತಾಳುತ್ತದೆ ಎಂಬುದನ್ನು ಮೊದಲು ತಿಳಿದು, ಅನಂತರ ಅದಕ್ಕೆ ತಕ್ಕ ಕಟ್ಟಡವನ್ನು ಕಲ್ಪಿಸುವುದು ಪ್ರಾಚೀನರ ಪದ್ಧತಿ.

ಬಂಡೆಯಿಂದ ಕಲ್ಲನ್ನು ಬಿಡಿಸಿದ ಬಗೆ

ಗಟ್ಟಿ ಬಂಡೆಯಿಂದ ಇಪ್ಪತ್ತು ಅಡಿಯ ಕಂಬವನ್ನು ಬಿಡಿಸುವುದು ಹೇಗೆ? ಐಗುಪ್ತ ದೇಶದ ಅಸ್ವಾನಿನಲ್ಲಿ ಗಣಿಯಲ್ಲಿಯೇ ಉಳಿದುಹೋದ ಒಂದು ಏಕಶಿಲಾಸ್ತಂಭವಿದೆ. ಉದ್ದ ಸುಮಾರು 42 ಮೀಟರು. ಕಬ್ಬಿಣವಿಲ್ಲದ ಆ ಕಾಲದ ಕೆಲಸಗಾರರು ಅದಕ್ಕಿಂತ ಗಟ್ಟಿಯಾದ ಕಲ್ಲುಗುಂಡುಗಳಿಂದ ಕುಟ್ಟಿ ಕುಟ್ಟಿ ಸುತ್ತಲೂ ಕಂದಕ ತೆಗೆದಿದ್ದರು. ನಡುವೆ ಬಿರುಕು ಕಾಣಿಸಿದ್ದರಿಂದ ಅಷ್ಟು ಶ್ರಮವನ್ನೂ ಅಲ್ಲಿಯೇ ಬಿಟ್ಟರು. ದೋಷವಿರುವ ಕಲ್ಲನ್ನು ಮುಚ್ಚಿ ಸಾಗಿಸಲಿಲ್ಲ ಎಂಬುದು ಗಮನಾರ್ಹ.

ಕನ್ನಡ ನಾಡಿನ ಕಲ್ಲುಕುಟಿಗರ ಕೈಯಲ್ಲಿ ಕಬ್ಬಿಣದ ಉಳಿಯಿತ್ತು. ಬಂಡೆಗೂ ಮರದಂತೆ ಸೀಳುವ ದಿಕ್ಕು ಇರುತ್ತದೆ. ಆ ದಿಕ್ಕನ್ನು ಸುತ್ತಿಗೆಯ ಸದ್ದಿನಿಂದ ಗುರುತಿಸಿ, ಗೆರೆಯುದ್ದಕ್ಕೂ ಸಾಲಾಗಿ ಕುಳಿಗಳನ್ನು ಹೊಡೆದು, ಪ್ರತಿ ಕುಳಿಯಲ್ಲಿಯೂ ಬೆಣೆಯಿಟ್ಟು ಒಂದೊಂದಕ್ಕೂ ಸಮನಾಗಿ ಪೆಟ್ಟು ಕೊಡುತ್ತ ಹೋದರೆ ಬಂಡೆ ಗೆರೆ ಹಿಡಿದಂತೆ ಸೀಳುತ್ತದೆ. ಒಣಗಿದ ಮರದ ಬೆಣೆಯನ್ನು ಬಿಗಿದು ನೀರು ಹನಿಸಿ, ಅದು ಉಬ್ಬುವ ಬಲದಿಂದ ಸೀಳುವುದು ಇನ್ನೊಂದು ಬಗೆ. ಈ ಸೀಮೆಯಲ್ಲಿ ಬಹುಕಾಲ ರೂಢಿಯಲ್ಲಿದ್ದ ಮೂರನೆಯ ಬಗೆ ಬೆಂಕಿಯದು. ಹಾಸುಬಂಡೆಯ ಮೇಲೆ ಸೌದೆಯ ಬೆಂಕಿಯನ್ನು ನಿಧಾನವಾಗಿ ಮುಂದಕ್ಕೆ ಸರಿಸುತ್ತ ಹೋದರೆ, ಕಾದ ಮೇಲ್ಪದರ ಹಿಗ್ಗಿ ಕೆಳಗಿನ ತಣ್ಣನೆಯ ಬಂಡೆಯಿಂದ ಚಪ್ಪಡಿಯಾಗಿ ಏಳುತ್ತದೆ. ದೊಡ್ಡಬಳ್ಳಾಪುರ, ದೇವನಹಳ್ಳಿಗಳ ಕಡೆಯ ಹಳೆಯ ಮನೆಗಳ ಮಾಳಿಗೆಯ ಚಪ್ಪಡಿಗಳನ್ನೂ ದ್ರಾಕ್ಷಿಯ ಚಪ್ಪರ ಹೊತ್ತ ಕಲ್ಲುಕೂಚಗಳನ್ನೂ ಕಂಡವರಿಗೆ ಈ ನೆಲದ ಕಲ್ಲು ಉದ್ದುದ್ದಕ್ಕೆ ಹೇಗೆ ಸೀಳುತ್ತದೆಂಬುದನ್ನು ಬೇರೆ ಹೇಳಬೇಕಾಗಿಲ್ಲ. ಕೊಯಿರ, ಸಾದಹಳ್ಳಿಗಳ ಕಲ್ಲು ಇಂದಿಗೂ ಶಿಲ್ಪಿಗಳಲ್ಲಿ ಹೆಸರಾಗಿದೆ.

ಭಾರವನ್ನು ಸಾಗಿಸಿದ ಬಗೆ

ಶ್ರವಣಬೆಳಗೊಳದ ಗೊಮ್ಮಟೇಶ್ವರ ಮೂರ್ತಿಯ ಎತ್ತರ ಸುಮಾರು 58 ಅಡಿ. ಗಂಗರ ಮಂತ್ರಿ ಚಾವುಂಡರಾಯನು ಕ್ರಿ.ಶ. 981ರ ಸುಮಾರಿಗೆ ಇದನ್ನು ಮಾಡಿಸಿದನು. ಇಷ್ಟು ಭಾರವನ್ನು ಬೆಟ್ಟಕ್ಕೆ ಏರಿಸುವ ಪ್ರಶ್ನೆಯೇ ಅಲ್ಲಿ ಬರಲಿಲ್ಲ. ಬೆಟ್ಟದ ತುದಿಯ ಬಂಡೆಯಲ್ಲಿಯೇ ಮೂರ್ತಿಯನ್ನು ಬಿಡಿಸಲಾಯಿತು. ತೊಡೆಗಳವರೆಗೆ ಹಬ್ಬಿದ ಹುತ್ತ ಮತ್ತು ಮಾಧವೀಲತೆಗಳು ಬಾಹುಬಲಿಸ್ವಾಮಿಯ ದೀರ್ಘ ತಪಸ್ಸಿನ ಕುರುಹು. ಅವೇ ಮೂರ್ತಿಯ ಕೆಳಭಾಗಕ್ಕೆ ಆಧಾರವೂ ಹೌದು. ಅಲ್ಲಿಂದ ಮೇಲೆ ಮೂರ್ತಿಗೆ ಯಾವ ಆಸರೆಯೂ ಇಲ್ಲ. ಪುರಾಣದ ಅರ್ಥವೂ ಕಟ್ಟಡದ ಅಗತ್ಯವೂ ಇಷ್ಟು ಸಹಜವಾಗಿ ಒಂದಾಗಿರುವುದು ಲೋಕದಲ್ಲಿ ಅಪರೂಪ.

ಕಾರ್ಕಳದ ಕಥೆ ಬೇರೆ. 1432ರಲ್ಲಿ ಪ್ರತಿಷ್ಠೆಯಾದ, ಸುಮಾರು 42 ಅಡಿ ಎತ್ತರದ ಅಲ್ಲಿಯ ಗೊಮ್ಮಟಮೂರ್ತಿಯನ್ನು ಬೇರೆಡೆ ಕೆತ್ತಿ ಬೆಟ್ಟಕ್ಕೆ ಸಾಗಿಸಲಾಯಿತು. ಗಾಡಿಯ ಮೇಲಿಟ್ಟು ಜನರು ಎಳೆದ ಆ ಸಾಹಸವನ್ನು ಚಂದ್ರಮ ಕವಿಯು ತನ್ನ ಗೊಮ್ಮಟೇಶ್ವರ ಚರಿತೆಯಲ್ಲಿ ವರ್ಣಿಸಿದ್ದಾನೆ. ಇಂಥ ಸಾಗಣೆಯ ಗುಟ್ಟು ಬರಿಯ ತೋಳ್ಬಲವಲ್ಲ. ಉಜ್ಜುವಿಕೆಯನ್ನು ತಗ್ಗಿಸುವ ಉಪಾಯ. ಐಗುಪ್ತದಲ್ಲಿ ಜೆಹುತಿಹೊತೆಪ್ ಎಂಬ ಅಧಿಕಾರಿಯ ಸಮಾಧಿಯ ಗೋಡೆಯ ಮೇಲೆ, ಸುಮಾರು 3800 ವರ್ಷ ಹಿಂದಿನ ಚಿತ್ರವೊಂದಿತ್ತು. ಭಾರಿ ಪ್ರತಿಮೆಯನ್ನು ಜಾರುಬಂಡಿಯ ಮೇಲಿಟ್ಟು ಸಾಲುಸಾಲು ಜನರು ಎಳೆಯುತ್ತಿದ್ದಾರೆ. ಮುಂದೆ ನಿಂತವನೊಬ್ಬನು ದಾರಿಯ ಮರಳಿಗೆ ನೀರು ಹೊಯ್ಯುತ್ತಿದ್ದಾನೆ. ಇದು ಪೂಜಾವಿಧಿಯೆಂದು ಹಲವರು ಭಾವಿಸಿದ್ದರು. ಆಮ್‌ಸ್ಟರ್‌ಡ್ಯಾಮಿನ ವಿಜ್ಞಾನಿಗಳು 2014ರಲ್ಲಿ ಪ್ರಕಟಿಸಿದ ಪ್ರಯೋಗದ ಪ್ರಕಾರ, ಹದವಾಗಿ ನೆನೆದ ಮರಳಿನ ಮೇಲೆ ಬಂಡಿಯನ್ನೆಳೆಯಲು ಒಣಮರಳಿನಲ್ಲಿ ಬೇಕಾಗುವ ಬಲದ ಅರ್ಧದಷ್ಟು ಸಾಕು. ಹಿರಿಯರ ಆಚರಣೆಯೊಂದರ ಅರ್ಥ ತಿಳಿಯದಿದ್ದ ಮಾತ್ರಕ್ಕೆ ಅದರಲ್ಲಿ ಅರ್ಥವಿಲ್ಲವೆಂದು ತೀರ್ಮಾನಿಸಬಾರದೆಂಬುದಕ್ಕೆ ಇದೊಂದು ಪಾಠ.

ಈ ವಿದ್ಯೆ ಪೂರ್ಣವಾಗಿ ಲೋಪವಾಗಿಲ್ಲ. ಧರ್ಮಸ್ಥಳದ 39 ಅಡಿ ಎತ್ತರದ ಬಾಹುಬಲಿಮೂರ್ತಿಯನ್ನು ರೆಂಜಾಳ ಗೋಪಾಲಕೃಷ್ಣ ಶೆಣೈ ಅವರ ನೇತೃತ್ವದಲ್ಲಿ ಕಾರ್ಕಳದಲ್ಲಿಯೇ ಕೆತ್ತಿ, 1973ರಲ್ಲಿ ಧರ್ಮಸ್ಥಳಕ್ಕೆ ತರಲಾಯಿತು. 1982ರಲ್ಲಿ ಅದರ ಪ್ರತಿಷ್ಠೆ ನೆರವೇರಿತು. ಹಳೆಯ ಉಳಿಗೂ ಹೊಸ ಯಂತ್ರಕ್ಕೂ ವಿರೋಧವಿಲ್ಲವೆಂಬುದನ್ನು ಈ ಕಾರ್ಯ ತೋರಿಸಿಕೊಟ್ಟಿತು.

ಕಲ್ಲು ನಿಲ್ಲುವ ನ್ಯಾಯ

ಕಲ್ಲಿನ ಗುಣ ಎರಡು ಮಾತಿನಲ್ಲಿ ಮುಗಿಯುತ್ತದೆ. ಅದುಮುವ ಭಾರವನ್ನು ಅದು ಎಷ್ಟಾದರೂ ತಾಳುತ್ತದೆ. ಬಗ್ಗಿಸುವ ಭಾರವನ್ನು ತಾಳಲಾರದು. ಕಂಬವಾಗಿ ನಿಂತ ಕಲ್ಲು ಸುಲಭವಾಗಿ ಸೋಲುವುದಿಲ್ಲ. ತೊಲೆಯಾಗಿ ಮಲಗಿದ ಕಲ್ಲಿಗೆ ಅಡಿಭಾಗದಲ್ಲಿ ಸೆಳೆತವುಂಟಾಗಿ ಬಿರುಕು ಬಿಡುವ ಸಂಭವವಿದೆ. ಅದೇ ದಪ್ಪದ ತೊಲೆಯ ಅಂತರವನ್ನು ಎರಡು ಪಟ್ಟು ಮಾಡಿದರೆ, ತನ್ನ ಭಾರದಿಂದಲೇ ಅದರ ಮೇಲೆ ಬೀಳುವ ಸೆಳೆತ ನಾಲ್ಕು ಪಟ್ಟಾಗುತ್ತದೆ. ಈ ಲೆಕ್ಕವನ್ನು ಹಿರಿಯರು ಪುಸ್ತಕದಲ್ಲಿ ಬರೆದಿಡಲಿಲ್ಲ, ಕಟ್ಟಡದಲ್ಲಿ ಬರೆದಿಟ್ಟರು.

ಬಸದಿಯ ನವರಂಗವನ್ನು ನೋಡಿರಿ. ನಡುವಿನ ನಾಲ್ಕು ಕಂಬಗಳು ಮಂಟಪವನ್ನು ಒಂಬತ್ತು ಅಂಕಣಗಳಾಗಿ ವಿಂಗಡಿಸುತ್ತವೆ. ಪ್ರತಿ ತೊಲೆಯ ಅಂತರವೂ ಕಲ್ಲು ತಾಳುವ ಮಿತಿಯೊಳಗೆ ನಿಲ್ಲುತ್ತದೆ. ಕಂಬದ ತಲೆಯ ಮೇಲೆ ಎರಡೂ ಕಡೆಗೆ ಚಾಚಿದ ಬೋದಿಗೆಯಿದೆ. ಅದು ಬರಿಯ ಅಲಂಕಾರವಲ್ಲ. ತೊಲೆಗೆ ಕೈಯೊಡ್ಡಿ ಅಂತರವನ್ನು ಇನ್ನಷ್ಟು ಕಿರಿದುಗೊಳಿಸುತ್ತದೆ. ಮೇಲೆ ಕಣ್ಣೆತ್ತಿದರೆ ಭುವನೇಶ್ವರಿ. ಚೌಕದ ನಾಲ್ಕು ಮೂಲೆಗಳಿಗೂ ಓರೆಯಾಗಿ ಚಪ್ಪಡಿಯಿಟ್ಟರೆ ಒಳಗೆ ತಿರುಗಿಸಿದ ಚಿಕ್ಕ ಚೌಕ ಉಳಿಯುತ್ತದೆ. ಅದರ ಮೇಲೆ ಇನ್ನೊಂದು ಸುತ್ತು ಇಟ್ಟರೆ ಮತ್ತೂ ಚಿಕ್ಕದು. ಎಂಟು ಅಡಿಯ ಬಯಲು ಹೀಗೆ ಎರಡೇ ಸುತ್ತಿನಲ್ಲಿ ನಾಲ್ಕು ಅಡಿಗೆ ಇಳಿದು, ಒಂದು ಕಮಲದ ಚಪ್ಪಡಿಯಿಂದ ಮುಚ್ಚಿಹೋಗುತ್ತದೆ. ಭಕ್ತನಿಗೆ ಅದು ಸಮವಸರಣದ ನೆನಪು. ಕಟ್ಟಿದ ರೂವಾರಿಗೆ ಭಾರವನ್ನು ಹಂತಹಂತವಾಗಿ ಗೋಡೆಗೆ ದಾಟಿಸುವ ಜಾಣ್ಮೆ.

ಗೋಡೆಯ ರಚನೆಯೂ ಹೀಗೆಯೇ. ಒಳಮುಖಕ್ಕೊಂದು, ಹೊರಮುಖಕ್ಕೊಂದು ಕಲ್ಲಿನ ಪದರ. ನಡುವೆ ಜಲ್ಲಿ ಮತ್ತು ಮಣ್ಣಿನ ತುಂಬುವಿಕೆ. ಎರಡೂ ಮುಖಗಳನ್ನು ಅಡ್ಡಲಾಗಿ ಹಿಡಿದು ಕಟ್ಟುವ ಉದ್ದಗಲ್ಲುಗಳು ಅಲ್ಲಲ್ಲಿ ಬರುತ್ತವೆ. ಮಗ್ಗದ ಸದ್ದಿನಲ್ಲಿಯೇ ಬೆಳೆದ ದೊಡ್ಡಬಳ್ಳಾಪುರದ ಜನರಿಗೆ ಹಾಸು ಹೊಕ್ಕುಗಳ ಸಂಬಂಧವನ್ನು ವಿವರಿಸಬೇಕಾಗಿಲ್ಲ. ಹೊಕ್ಕು ಕಿತ್ತರೆ ಬಟ್ಟೆ ಬಿಚ್ಚಿಕೊಳ್ಳುವಂತೆ, ಅಡ್ಡಗಲ್ಲು ತೆಗೆದರೆ ಗೋಡೆ ಎರಡಾಗಿ ಉಬ್ಬುತ್ತದೆ. ಕಿಟಕಿ ಇಡಲೆಂದೋ ವಿದ್ಯುತ್ ತಂತಿ ಎಳೆಯಲೆಂದೋ ಹಳೆಯ ಗೋಡೆಯ ಒಂದು ಕಲ್ಲನ್ನು ಕೀಳುವ ಮುನ್ನ, ಅದು ಹಾಸಿನ ಕಲ್ಲೋ ಹೊಕ್ಕಿನ ಕಲ್ಲೋ ಎಂಬುದನ್ನು ತಿಳಿಯಬೇಕು.

ಬೆಸೆಯುವ ಬಗೆ

ಐಹೊಳೆ, ಪಟ್ಟದಕಲ್ಲುಗಳ ಕಾಲದ ಕಲ್ಲಿನ ಕಟ್ಟಡಗಳಲ್ಲಿ ಕಲ್ಲುಗಳ ನಡುವೆ ಗಾರೆಯಿಲ್ಲ. ಮುಖಕ್ಕೆ ಮುಖ ಕೂಡುವಂತೆ ನಯಗೊಳಿಸಿ, ಒಂದರ ಮೇಲೊಂದನ್ನು ಕೂರಿಸಿ, ಭಾರದಿಂದಲೇ ಬಿಗಿಗೊಳಿಸಿದರು. ಭಾರವೇ ಅಲ್ಲಿ ಅಂಟು. ಇಂಥ ಕಟ್ಟಡಕ್ಕೆ ಬೇಸಗೆಯ ಹಿಗ್ಗು, ಚಳಿಯ ಕುಗ್ಗು, ಸಣ್ಣ ನಡುಕ ಇವುಗಳಿಗೆ ತಕ್ಕಂತೆ ತುಸು ಅಲುಗಿ ಮತ್ತೆ ಕೂರುವ ಶಕ್ತಿಯಿದೆ.

ಇಟ್ಟಿಗೆಯ ಶಿಖರಕ್ಕೂ ಮಾಳಿಗೆಗೂ ಸುಣ್ಣದ ಗಾರೆ ಬೇಕಾಯಿತು. ಸುಣ್ಣಕಲ್ಲನ್ನು ಸುಟ್ಟಾಗ ಅದರೊಳಗಿನ ಇಂಗಾಲಾಮ್ಲ ಹೊರಟುಹೋಗುತ್ತದೆ. ನೀರಿನಲ್ಲಿ ಅರಳಿಸಿ, ಮರಳಿನೊಂದಿಗೆ ಗಾಣದಲ್ಲಿ ಅರೆದು ಬಳಿದ ಮೇಲೆ ಅದು ಗಾಳಿಯಿಂದ ಅದೇ ಇಂಗಾಲಾಮ್ಲವನ್ನು ನಿಧಾನವಾಗಿ ಹೀರಿ ಮರಳಿ ಕಲ್ಲಾಗುತ್ತದೆ. ಬೆಲ್ಲದ ನೀರು, ಅಳಲೆಕಾಯಿಯ ಕಷಾಯಗಳನ್ನು ಬೆರೆಸುವುದು ರೂಢಿಯಲ್ಲಿತ್ತು. ಈ ಗಾರೆ ತೇವವನ್ನು ಒಳಗೆ ಕೂಡಿಹಾಕುವುದಿಲ್ಲ, ಹೊರಗೆ ಬಿಡುತ್ತದೆ. ಗೋಡೆ ಉಸಿರಾಡುತ್ತದೆ ಎಂದು ಗಾರೆಯವರು ಹೇಳುವ ಮಾತು ಅಕ್ಷರಶಃ ನಿಜ.

ರೋಮಿನವರು ಸುಣ್ಣಕ್ಕೆ ಜ್ವಾಲಾಮುಖಿಯ ಬೂದಿಯನ್ನು ಬೆರೆಸಿ, ಕ್ರಿ.ಶ. 2ನೆಯ ಶತಮಾನದಲ್ಲಿ ಪ್ಯಾಂಥಿಯನ್ ಎಂಬ ದೇಗುಲಕ್ಕೆ 43 ಮೀಟರು ಅಗಲದ ಗುಮ್ಮಟವನ್ನು ಕಟ್ಟಿದರು. ಅದರಲ್ಲಿ ಕಬ್ಬಿಣದ ಸರಳು ಇಲ್ಲ. ಮೇಲೆ ಹೋದಂತೆ ಹಗುರವಾದ ಕಲ್ಲುಚೂರನ್ನು ಬಳಸಿ, ತುದಿಯನ್ನು ತೆರೆದೇ ಬಿಟ್ಟರು. ಸುಮಾರು ಸಾವಿರದ ಒಂಬೈನೂರು ವರ್ಷಗಳ ಅನಂತರವೂ ಅದು ನಿಂತಿದೆ. ದೇಶ ಬೇರೆ, ದ್ರವ್ಯ ಬೇರೆ, ನ್ಯಾಯ ಮಾತ್ರ ಒಂದೇ: ತುಕ್ಕು ಹಿಡಿಯುವ ವಸ್ತುವಿನ ಮೇಲೆ ಕಟ್ಟಡದ ಆಯುಷ್ಯವನ್ನು ಅವಲಂಬಿಸಬಾರದು.

ಮಳೆ ಗಾಳಿಗೆ ತಕ್ಕ ರೂಪ

ಮೂಡಬಿದಿರೆಯ ಸಾವಿರ ಕಂಬದ ಬಸದಿ 1430ರಲ್ಲಿ ನಿರ್ಮಾಣವಾಯಿತು. ಬಯಲುಸೀಮೆಯ ಬಸದಿಗೂ ಅದಕ್ಕೂ ಹೋಲಿಕೆಯೇ ಕಾಣದು. ಸಮತಟ್ಟಾದ ಮಾಳಿಗೆಯ ಬದಲಿಗೆ ಇಳಿಜಾರಾದ ಮಾಡು, ಗೋಡೆಯಿಂದ ಮುಂದಕ್ಕೆ ಚಾಚಿದ ಸೂರು, ಮೇಲಿನ ಅಂತಸ್ತಿಗೆ ಮರ ಮತ್ತು ತಾಮ್ರದ ಹೊದಿಕೆ. ಕರಾವಳಿಯ ಮಳೆ ಕಟ್ಟಡಕ್ಕೆ ಆ ರೂಪ ಕೊಟ್ಟಿತು. ಶಾಸ್ತ್ರ ಒಂದೇ ಆದರೂ, ದೇಶ ಕಾಲಗಳನ್ನು ನೋಡಿ ಅದನ್ನು ಅನ್ವಯಿಸುವ ಸ್ವಾತಂತ್ರ್ಯ ರೂವಾರಿಗಿತ್ತು. ಆದುದರಿಂದ ದೂರದ ಊರಿನಲ್ಲಿ ಕಂಡ ಅಮೃತಶಿಲೆಯ ಮಂದಿರವನ್ನು ಹಾಗೆಯೇ ಇಲ್ಲಿ ತಂದು ನಿಲ್ಲಿಸುವುದಕ್ಕಿಂತ, ಈ ನೆಲದ ಕಲ್ಲು ಮತ್ತು ಈ ನೆಲದ ಮಳೆಯನ್ನು ಅರಿತು ಕಟ್ಟುವುದೇ ಹಿರಿಯರ ದಾರಿ.

ಅರಿಯದ ಉದ್ಧಾರದಿಂದ ಆಗುವ ಹಾನಿ

ಇನ್ನು ಮುಖ್ಯ ವಿಷಯ. ಗ್ರೀಸ್ ದೇಶದ ಅಥೆನ್ಸಿನಲ್ಲಿ ಪಾರ್ಥೆನಾನ್ ಎಂಬ ಅಮೃತಶಿಲೆಯ ದೇಗುಲವಿದೆ. ಕ್ರಿ.ಪೂ. 5ನೆಯ ಶತಮಾನದಲ್ಲಿ ಅದನ್ನು ಕಟ್ಟಿದವರು ಕಲ್ಲಿಗೆ ಕಲ್ಲನ್ನು ಕಬ್ಬಿಣದ ಕೊಕ್ಕೆಗಳಿಂದ ಬಿಗಿದರು. ಆದರೆ ಪ್ರತಿ ಕೊಕ್ಕೆಯ ಸುತ್ತಲೂ ಕರಗಿಸಿದ ಸೀಸವನ್ನು ಹೊಯ್ದು ಗಾಳಿ ನೀರು ತಾಕದಂತೆ ಮಾಡಿದರು. ಆ ಕೊಕ್ಕೆಗಳು ಶತಮಾನಗಳ ಕಾಲ ಬಾಳಿದವು. 19ನೆಯ ಶತಮಾನದ ಕೊನೆಯಿಂದ 1933ರವರೆಗೆ ನಿಕೊಲಾವೊಸ್ ಬಲಾನೋಸ್ ಎಂಬ ಎಂಜಿನಿಯರು ಅದರ ಜೀರ್ಣೋದ್ಧಾರ ನಡೆಸಿದರು. ಉದ್ದೇಶ ಒಳ್ಳೆಯದು, ಶ್ರದ್ಧೆಯೂ ಇತ್ತು. ಆದರೆ ಹೊಸ ಕಬ್ಬಿಣಕ್ಕೆ ಸೀಸದ ರಕ್ಷಣೆ ಸಿಗಲಿಲ್ಲ. ತುಕ್ಕು ಹಿಡಿದ ಕಬ್ಬಿಣ ಹಲವು ಪಟ್ಟು ಉಬ್ಬುತ್ತದೆ. ಉಬ್ಬಿದ ಕಬ್ಬಿಣವು ಎರಡು ಸಾವಿರ ವರ್ಷ ನಿಂತಿದ್ದ ಶಿಲೆಯನ್ನು ಒಳಗಿನಿಂದಲೇ ಸೀಳಿತು. 1980ರ ದಶಕದಿಂದ ಅಲ್ಲಿಯ ತಜ್ಞರು ಆ ಕಬ್ಬಿಣವನ್ನೆಲ್ಲ ಒಂದೊಂದಾಗಿ ಬಿಡಿಸಿ, ತುಕ್ಕು ಹಿಡಿಯದ ಟೈಟಾನಿಯಂ ಲೋಹವನ್ನು ಇಡುತ್ತ ಬಂದಿದ್ದಾರೆ. ಒಂದು ಉದ್ಧಾರದ ತಪ್ಪನ್ನು ತಿದ್ದಲು ಇನ್ನೊಂದು ಉದ್ಧಾರ ದಶಕಗಳ ಕಾಲ ನಡೆಯಬೇಕಾಯಿತು.

ಕನ್ನಡ ನಾಡಿನ ಹಳ್ಳಿಹಳ್ಳಿಗಳಲ್ಲಿಯೂ ಇದೇ ಕಥೆ ಚಿಕ್ಕ ಪ್ರಮಾಣದಲ್ಲಿ ನಡೆಯುತ್ತಿದೆ. ಸೋರುವ ಹಳೆಯ ಮಾಳಿಗೆಯ ಮೇಲೆ ಕಾಂಕ್ರೀಟು ಸುರಿದರೆ ಕಂಬಗಳ ಮೇಲೆ ಹೊಸ ಭಾರ ಬೀಳುತ್ತದೆ. ಸೋರಿಕೆ ನಿಲ್ಲದೆ ಮರೆಯಾಗುತ್ತದೆ, ಅಷ್ಟೆ. ಕಲ್ಲಿನ ಸಂದುಗಳಿಗೆ ಸಿಮೆಂಟು ಮೆತ್ತಿದರೆ ಒಳಗಿನ ತೇವ ಹೊರಬರಲು ದಾರಿಯಿಲ್ಲದೆ ಕಲ್ಲಿನ ಮೂಲಕವೇ ಬರುತ್ತದೆ. ಅದರೊಡನೆ ಬಂದ ಉಪ್ಪು ಕೆತ್ತನೆಯ ಮೇಲ್ಮೈಯನ್ನು ಪುಡಿಮಾಡುತ್ತದೆ. ಕಂಬಗಳಿಗೆ ಎಣ್ಣೆಬಣ್ಣ ಬಳಿದರೆ ಕೆತ್ತನೆಯ ಗೆರೆ ಮುಚ್ಚುತ್ತದೆ. ಆ ಬಣ್ಣವನ್ನು ತೆಗೆಯಲೆಂದು ಯಂತ್ರದಿಂದ ಮರಳು ಊದಿದರೆ ಬಣ್ಣದ ಜೊತೆಗೆ ಶಿಲ್ಪಿಯ ಕೈಗುರುತೂ ಹೋಗುತ್ತದೆ. ನೆಲಕ್ಕೆ ಹೊಳೆಯುವ ಟೈಲ್ಸು ಹಾಸುವಾಗ ಹಳೆಯ ಹಾಸುಗಲ್ಲಿನ ಮೇಲಿನ ಅಕ್ಷರಗಳು ಅಡಿಯಲ್ಲಿ ಹೂತುಹೋಗುತ್ತವೆ. ನಿಷಿಧಿಕಲ್ಲು ಮೆಟ್ಟಿಲಾಗುತ್ತದೆ, ಶಾಸನದ ಕಲ್ಲು ಬಟ್ಟೆ ಒಗೆಯುವ ಕಲ್ಲಾಗುತ್ತದೆ. ಯಾರೂ ದ್ವೇಷದಿಂದ ಇದನ್ನು ಮಾಡುವುದಿಲ್ಲ. ಭಕ್ತಿಯಿದ್ದು ತಿಳಿವಳಿಕೆ ಇಲ್ಲದಿದ್ದಾಗ ಹೀಗಾಗುತ್ತದೆ. ಸಮ್ಯಗ್ದರ್ಶನದ ಜೊತೆಗೆ ಸಮ್ಯಗ್ಜ್ಞಾನವೂ ಸೇರಿದಾಗಲೇ ಚಾರಿತ್ರ ಸಾರ್ಥಕವೆಂದು ಆಗಮ ಬೋಧಿಸಿರುವುದು ಕಟ್ಟಡದ ವಿಷಯದಲ್ಲಿಯೂ ಸಲ್ಲುತ್ತದೆ.

ಲಾಭ ನಷ್ಟದ ಲೆಕ್ಕ

ಸಭೆಯಲ್ಲಿ ವ್ಯಾಪಾರಸ್ಥರು ಬಹುಸಂಖ್ಯೆಯಲ್ಲಿದ್ದೀರಿ. ಬಂಡವಾಳ ಹೂಡುವವನು ಮೊದಲು ಕೇಳುವ ಪ್ರಶ್ನೆ, ಇದು ಎಷ್ಟು ಕಾಲ ಬರುತ್ತದೆ ಎಂಬುದು. ಸರಳು ಹಾಕಿದ ಕಾಂಕ್ರೀಟಿನ ಕಟ್ಟಡ ಚೆನ್ನಾಗಿ ಕಟ್ಟಿ ನಿಗಾ ವಹಿಸಿದರೂ ಕೆಲವೇ ತಲೆಮಾರುಗಳ ಲೆಕ್ಕದ್ದು. ಒಳಗಿನ ಕಬ್ಬಿಣಕ್ಕೆ ತೇವ ಮುಟ್ಟಿತೆಂದರೆ ಅದರ ದಿನಗಣನೆ ಆರಂಭವಾದಂತೆ. ಕಂಬದಹಳ್ಳಿಯ ಬಸದಿಗೆ ಸುಮಾರು ಸಾವಿರ ವರ್ಷ. ಖರ್ಚನ್ನು ಆಯುಷ್ಯದಿಂದ ಭಾಗಿಸಿದರೆ ಯಾವುದು ಅಗ್ಗ, ಯಾವುದು ದುಬಾರಿ ಎಂಬುದನ್ನು ಕಿರಾಣಿ ಅಂಗಡಿಯ ಗುಮಾಸ್ತನೂ ಹೇಳಬಲ್ಲನು. ಇದರರ್ಥ ಹೊಸ ಸಾಮಗ್ರಿಯೇ ಬೇಡವೆಂದಲ್ಲ. ಯಾತ್ರಿಕರ ವಸತಿಗೆ, ಅಡುಗೆ ಮನೆಗೆ, ಸಭಾಭವನಕ್ಕೆ ಕಾಂಕ್ರೀಟು ಯೋಗ್ಯವಾದುದೇ. ಸಾವಿರ ವರ್ಷ ಬಾಳಿದ ಕಲ್ಲಿಗೆ ಅರವತ್ತು ವರ್ಷ ಬಾಳುವ ವಸ್ತುವನ್ನು ಬೆಸೆಯುವುದು ಮಾತ್ರ ಸಲ್ಲದು.

ಹಳೆಯ ಬಸದಿಯ ಹೊಣೆ ಹೊತ್ತ ಸಮಿತಿಗಳು ಕೆಲವು ಎಚ್ಚರಗಳನ್ನು ಪಾಲಿಸಿದರೆ ಸಾಕು. ಮೊದಲನೆಯದಾಗಿ, ಮಾಳಿಗೆಯ ಮೇಲಿನ ಕಸವನ್ನು ಮಳೆಗಾಲಕ್ಕೆ ಮುನ್ನ ಗುಡಿಸಿ ನೀರು ಹರಿಯುವ ದೋಣಿಗಳನ್ನು ತೆರವು ಮಾಡಬೇಕು. ಸಂದಿನಲ್ಲಿ ಹುಟ್ಟಿದ ಅರಳಿ, ಆಲದ ಸಸಿಗಳನ್ನು ಬೆರಳುದ್ದವಿರುವಾಗಲೇ ತೆಗೆಯಬೇಕು. ಬೇರು ಇಳಿದ ಮೇಲೆ ಕಿತ್ತರೆ ಕಲ್ಲೂ ಅದರೊಡನೆ ಬರುತ್ತದೆ. ಬಸದಿಯ ಸುತ್ತಲಿನ ನೆಲ ಎತ್ತರವಾಗಿ ನೀರು ಅಧಿಷ್ಠಾನಕ್ಕೆ ನಿಲ್ಲದಂತೆ ನೋಡಿಕೊಳ್ಳಬೇಕು. ಇಷ್ಟಕ್ಕೆ ದೊಡ್ಡ ದೇಣಿಗೆ ಬೇಡ. ಯುವಕರ ಒಂದು ದಿನದ ಶ್ರಮದಾನ ಸಾಕು. ಎರಡನೆಯದಾಗಿ, ಯಾವ ಕಲ್ಲನ್ನು ಕದಲಿಸುವುದಕ್ಕೂ ಮುನ್ನ ಎಲ್ಲ ಮುಖಗಳ ಛಾಯಾಚಿತ್ರ ತೆಗೆದು, ಅಳತೆ ಬರೆದು, ಪ್ರತಿ ಕಲ್ಲಿಗೂ ಸಂಖ್ಯೆ ಹಾಕಬೇಕು. ಹೀಗೆ ಬಿಚ್ಚಿದ ಕಟ್ಟಡವನ್ನು ಹಾಗೆಯೇ ಮರಳಿ ಕಟ್ಟಬಹುದು. ಪ್ರಾಚೀನರು ಬಿಚ್ಚಿ ಕಟ್ಟಬಲ್ಲಂತೆ ಕಟ್ಟಿರುವುದೇ ಅವರ ದೂರದೃಷ್ಟಿ. ಮೂರನೆಯದಾಗಿ, ಅಕ್ಷರವಿರುವ ಯಾವ ಕಲ್ಲನ್ನೂ ಓದಿಸದೆ ಸರಿಸಬಾರದು. ನಾಲ್ಕನೆಯದಾಗಿ, ಸಂದುಗಳಿಗೆ ಸುಣ್ಣದ ಗಾರೆಯನ್ನೇ ಬಳಸಬೇಕು.

ಬಸದಿ ಸಂರಕ್ಷಿತ ಸ್ಮಾರಕವಾಗಿದ್ದರೆ ಸಂಬಂಧಪಟ್ಟ ಇಲಾಖೆಯ ಅನುಮತಿ ಕಡ್ಡಾಯ. ಕೇಂದ್ರ ಪುರಾತತ್ತ್ವ ಇಲಾಖೆಯ ಸ್ಮಾರಕಗಳ ಸುತ್ತ 100 ಮೀಟರಿನೊಳಗೆ ಹೊಸ ನಿರ್ಮಾಣಕ್ಕೆ ನಿಷೇಧವಿದ್ದು, ಅದರಾಚೆಗೆ ಮತ್ತೆ 200 ಮೀಟರಿನವರೆಗೆ ಅನುಮತಿ ಬೇಕು. ಇದನ್ನು ಅಡಚಣೆಯೆಂದು ಭಾವಿಸದೆ ರಕ್ಷೆಯೆಂದು ಭಾವಿಸುವುದು ಒಳಿತು. ಸಂರಕ್ಷಿತವಲ್ಲದ ಬಸದಿಗಳಿಗೂ ನೆರವು ದೊರೆಯುವ ಮಾರ್ಗವುಂಟು. ಶ್ರೀ ಧರ್ಮಸ್ಥಳ ಮಂಜುನಾಥೇಶ್ವರ ಧರ್ಮೋತ್ಥಾನ ಟ್ರಸ್ಟ್ ಸರ್ಕಾರದ ಸಹಕಾರದೊಂದಿಗೆ ನಾಡಿನ ಅನೇಕ ಪ್ರಾಚೀನ ದೇವಾಲಯಗಳನ್ನು ಮೂಲರೂಪ ಕೆಡದಂತೆ ಉದ್ಧರಿಸಿದೆ. ಇಂಥ ಅನುಭವಿಗಳ ಸಲಹೆ ಪಡೆಯುವುದರಿಂದ ಸಮಿತಿಯ ಗೌರವ ಹೆಚ್ಚುವುದೇ ಹೊರತು ಕುಂದುವುದಿಲ್ಲ.

ಉಪಸಂಹಾರ

ದಾನಶಾಸನಗಳ ಕೊನೆಯಲ್ಲಿ ಬರುವ ಶ್ಲೋಕಗಳ ತಾತ್ಪರ್ಯವನ್ನು ಹಿರಿಯರೆಲ್ಲ ಬಲ್ಲಿರಿ. ತಾನು ಕೊಡುವುದಕ್ಕಿಂತ, ಹಿಂದಿನವರು ಕೊಟ್ಟುದನ್ನು ಕಾಪಾಡುವುದು ಹೆಚ್ಚಿನ ಫಲವುಳ್ಳದ್ದು ಎಂದು ಅವು ಸಾರುತ್ತವೆ. ಶ್ರೀವಿಜಯ, ರವಿಕೀರ್ತಿ, ಚಾವುಂಡರಾಯ, ಬೊಪ್ಪ ಇವರ ಹೆಸರು ಉಳಿದಿರುವುದು ಅವರ ಐಶ್ವರ್ಯದಿಂದಲ್ಲ. ಹೆಸರು ಬರೆಯದ ಕಲ್ಲುಕುಟಿಗರು ಬಂಡೆಯ ಸೀಳನ್ನು ಅರಿತು, ತೊಲೆಯ ಮಿತಿಯನ್ನು ಅರಿತು, ಮಳೆಯ ದಾರಿಯನ್ನು ಅರಿತು ಕೆಲಸ ಮಾಡಿದ್ದರಿಂದ, ಅವರ ನಿರ್ಮಾಣಗಳನ್ನು ತಲೆಮಾರಿನಿಂದ ತಲೆಮಾರಿಗೆ ಯಾರೋ ಗುಡಿಸಿ, ಸಾರಿಸಿ, ದೀಪ ಹಚ್ಚಿ ಕಾಯ್ದುದರಿಂದ.

ಹೊಸ ಬಿಂಬದ ಪ್ರತಿಷ್ಠೆಗೆ ಉದಾರವಾಗಿ ನೆರವಾದ ಕೈಗಳು, ಹತ್ತಿರದ ಹಳ್ಳಿಯಲ್ಲಿ ಪೂಜೆಯಿಲ್ಲದೆ ನಿಂತ ಒಂದು ಹಳೆಯ ಬಸದಿಯ ಮಾಳಿಗೆಯನ್ನು ವರ್ಷಕ್ಕೊಮ್ಮೆ ಗುಡಿಸಲು ಮುಂದಾಗಲಿ. ಇನ್ನು ಸಾವಿರ ವರ್ಷಗಳ ಅನಂತರ ಹುಟ್ಟುವ ಶ್ರಾವಕನಿಗೂ ಆ ಬಸದಿಯ ಕಂಬ ನೆಟ್ಟಗೆ ನಿಂತು ಕಾಣಲಿ.